ಅರೆಮಂಡಿ ಬೇಡಮ್ಮಾ, ಫ್ರೇಮಲ್ಲಿ ಕುಳ್ಳಗೆ ಕಾಣ್ತೀಯ

ಕಳೆದ ಶನಿವಾರ ಕ್ಲಾಸ್ ಮುಗಿಯುವ ಹೊತ್ತಿಗೆ ನನ್ನ ಶಿಷ್ಯೆಯೊಬ್ಬಳು ಫೋನ್ ಹಿಡಿದುಕೊಂಡು ಓಡಿ ಬಂದಳು. ಗೆಜ್ಜೆ ಇನ್ನೂ ಬಿಚ್ಚಿರಲಿಲ್ಲ. ‘ಆಂಟಿ, ಈ ಅಜ್ಜಿ ಡ್ಯಾನ್ಸ್ ನೋಡಿ. ತೊಂಬತ್ತು ವರ್ಷ ಅಂತೆ!’

2024ರ ಆರಂಭದಲ್ಲಿ ಅಯೋಧ್ಯೆಯಲ್ಲಿ ನಡೆದ ನೃತ್ಯಸೇವೆಯ ವಿಡಿಯೊ ಅದು. ನಾನು ಆಗಲೇ ನೋಡಿದ್ದೆ, ಒಂದಲ್ಲ, ಹತ್ತು ಸಲ. ‘ಇವರು ಯಾರು ಗೊತ್ತೇನೇ?’ ಅಂದೆ. ಗೊತ್ತಿಲ್ಲ. ಅಷ್ಟರಲ್ಲಿ ಅವಳನ್ನು ಕರೆದುಕೊಂಡು ಹೋಗಲು ಬಂದಿದ್ದ ಅವಳ ಸ್ವಂತ ಅಜ್ಜಿ ಬಾಗಿಲಲ್ಲಿ ಚಪ್ಪಲಿ ಬಿಡುತ್ತಾ ಇಣುಕಿ ನೋಡಿದರು. ‘ಅಯ್ಯೋ, ವೈಜಯಂತಿಮಾಲಾ ಅಲ್ವೇನೇ ಅದು! ನಾಗಿನ್!’ ಅಂದವರೇ ಅಲ್ಲೇ ನಿಂತು ಪುಂಗಿ ಊದುವ ಹಾಗೆ ಕೈ ಮಾಡಿದರು.

ಅವರು ನಾಯಕಿಯಾಗಿದ್ದ ಆ ‘ನಾಗಿನ್’ ಸಿನಿಮಾದಲ್ಲಿ ಕೇಳುವುದು ನಿಜವಾದ ಪುಂಗಿ ಅಲ್ಲ. ಹೇಮಂತ್ ಕುಮಾರ್ ಸಂಗೀತಕ್ಕೆ ಕಲ್ಯಾಣ್‌ಜಿ ಅವರು ಕ್ಲಾವಿಯೊಲಿನ್ ಅನ್ನೋ ಕರೆಂಟಿನ ವಾದ್ಯದಲ್ಲಿ ನುಡಿಸಿದ್ದು. ಇಷ್ಟು ಖುಷಿಯಲ್ಲಿರುವವರಿಗೆ ಅದನ್ನೆಲ್ಲ ಯಾಕೆ ಹೇಳೋದು ಅಂತ ಸುಮ್ನಾದೆ.

ಅವರು ಹೋದ ಮೇಲೆ ಚಾಪೆ ಸುತ್ತುತ್ತಾ ಲೆಕ್ಕ ಹಾಕಿದೆ. ವೈಜಯಂತಿಮಾಲಾ ಅವರ ಮೊದಲ ಸಿನಿಮಾ ಬಂದಿದ್ದು 1949ರಲ್ಲಿ. ಕೊನೆಯವು 1970ರ ಹೊತ್ತಿಗೆ. ಅಂದರೆ ಇಪ್ಪತ್ತೊಂದು ವರ್ಷ. ಅಲ್ಲಿಂದ ಅಯೋಧ್ಯೆಯ ಆ ದಿನದವರೆಗೆ ಐವತ್ತನಾಲ್ಕು ವರ್ಷ. ಸಿನಿಮಾ ಮಾಡಿದ್ದಕ್ಕಿಂತ ಎರಡೂವರೆ ಪಟ್ಟು ಜಾಸ್ತಿ ಕಾಲ ಅವರು ಬರೀ ನರ್ತಕಿಯಾಗಿ ಇದ್ದಾರೆ. ಆದರೂ ಜನರ ಬಾಯಲ್ಲಿ ಅವರು ‘ಡ್ಯಾನ್ಸ್ ಬರುತ್ತಿದ್ದ ಸಿನಿಮಾ ನಟಿ’. ನನ್ನ ಪ್ರಕಾರ ಅದು ಉಲ್ಟಾ. ಅವರು ಮಧ್ಯೆ ಇಪ್ಪತ್ತೊಂದು ವರ್ಷ ಸಿನಿಮಾಕ್ಕೆ ಹೋಗಿ ಬಂದ ನರ್ತಕಿ. ಹೋಗೋದು ಕಷ್ಟ ಅಲ್ಲ. ಬರೋದು ಎಷ್ಟು ಕಷ್ಟ ಅಂತ ನನಗೆ ಗೊತ್ತು. ನಾನು ಹೋಗಿದ್ದು ಬರೀ ಮೂರು ವರ್ಷ, ಅದೂ ಹಿಂದಿನ ಸಾಲಿಗೆ.

1996. ನನಗೆ ಇಪ್ಪತ್ತೊಂದು. ರಂಗಪ್ರವೇಶ, ಅಂದರೆ ವೇದಿಕೆಯ ಮೇಲೆ ಮೊದಲ ಪೂರ್ತಿ ಕಾರ್ಯಕ್ರಮ, ಆಗಿ ಮೂರು ವರ್ಷ ಆಗಿತ್ತು, ಅದಕ್ಕೆ ಅಪ್ಪ ಮಾಡಿದ ಸಾಲ ಮಾತ್ರ ತೀರಿರಲಿಲ್ಲ. ಸೀರೆ, ಒಡವೆ, ಪಕ್ಕವಾದ್ಯದವರ ಸಂಭಾವನೆ, ಹಾಲ್ ಬಾಡಿಗೆ, ಊಟ. ರಂಗಪ್ರವೇಶ ಮಾಡಿಸಿದ ಮನೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಆಗ ಯಾರೋ ಬಂದು, ಸಿನಿಮಾದಲ್ಲಿ ದೇವಸ್ಥಾನದ ಹಾಡಿದೆ, ನಾಯಕಿಯ ಹಿಂದೆ ಭರತನಾಟ್ಯ ಗೊತ್ತಿರುವ ಎಂಟು ಹುಡುಗಿಯರು ಬೇಕು ಅಂದರು. ಹೋದೆ. ಮೂರು ವರ್ಷದಲ್ಲಿ ಹನ್ನೊಂದು ಹಾಡು ಮಾಡಿದೆ. ಅದರಲ್ಲಿ ನನ್ನ ಮುಖ ಗುರುತು ಸಿಗುವುದು ಎರಡರಲ್ಲಿ. ಇನ್ನೊಂದರಲ್ಲಿ ಮೊಣಕೈ ಕಾಣುತ್ತೆ. ಒಂದು ಹಾಡಿನ ದುಡ್ಡು ಇವತ್ತಿಗೂ ಬಂದಿಲ್ಲ. ಹೋಗಲಿ.

ಮೊದಲ ದಿನ ಸೆಟ್ಟಿನಲ್ಲಿ ನೆಲ ನೋಡಿಯೇ ಗಾಬರಿಯಾಯಿತು. ಕನ್ನಡಿಯ ಹಾಗೆ ಹೊಳೆಯುತ್ತಿತ್ತು. ಕಾಲಿಟ್ಟರೆ ಜಾರುತ್ತೆ. ನೆಲದ ಮೇಲೆ ಅಲ್ಲಲ್ಲಿ ಚಿಕ್ಕ ಚಿಕ್ಕ ಟೇಪ್ ತುಂಡು ಅಂಟಿಸಿದ್ದರು, ಯಾರು ಎಲ್ಲಿ ನಿಲ್ಲಬೇಕು ಅನ್ನೋದಕ್ಕೆ. ನಾನು ನನ್ನ ಟೇಪಿನ ಮೇಲೆ ನಿಂತು, ಅಭ್ಯಾಸಬಲದಲ್ಲಿ ಅರೆಮಂಡಿಗೆ ಕೂತೆ. ಮೊಣಕಾಲು ಎರಡೂ ಕಡೆ ಹೊರಗೆ, ಬೆನ್ನು ನೇರ. ಹನ್ನೆರಡು ವರ್ಷ ಟೀಚರ್ ಹತ್ತಿರ ತೊಡೆಗೆ ತಟ್ಟುಕೋಲಿನ ಏಟು ತಿಂದು ಕಲಿತಿದ್ದು. ಮಾಸ್ಟರ್ ಅಸಿಸ್ಟೆಂಟ್ ಕ್ಯಾಮೆರಾ ಪಕ್ಕದಿಂದ ಕೂಗಿದ: ‘ನೀಲಿ ಬ್ಲೌಸ್! ಅರೆಮಂಡಿ ಬೇಡಮ್ಮಾ, ಫ್ರೇಮಲ್ಲಿ ಕುಳ್ಳಗೆ ಕಾಣ್ತೀಯ. ನೆಟ್ಟಗೆ ನಿಂತ್ಕೊ.’

ಅವನ ತಪ್ಪೇನೂ ಇಲ್ಲ. ಫ್ರೇಮ್ ಸೊಂಟದವರೆಗೆ ಮಾತ್ರ ಇತ್ತು. ನಾನು ಕೂತರೆ ನಾಯಕಿಯ ಭುಜದ ಹಿಂದೆ ಮುಳುಗಿಹೋಗುತ್ತಿದ್ದೆ. ಭರತನಾಟ್ಯದ ಅರ್ಧ ಜೀವ ಇರುವುದೇ ಆ ಕೂತ ಮಂಡಿಯಲ್ಲಿ. ಅಡವುಗಳೆಲ್ಲ, ಅಂದರೆ ನೃತ್ಯದ ಮೂಲ ಹೆಜ್ಜೆಗಳೆಲ್ಲ, ಅಲ್ಲಿಂದಲೇ ಹುಟ್ಟುತ್ತವೆ. ಕ್ಯಾಮೆರಾಗೆ ಅದು ಬೇಡವಾಗಿತ್ತು, ಅಷ್ಟೆ.

ಇನ್ನೊಂದು ತಮಾಷೆ ಗೆಜ್ಜೆಯದು. ಟೀಚರ್ ಕೊಟ್ಟಿದ್ದ ಗೆಜ್ಜೆಯನ್ನು ಕಣ್ಣಿಗೊತ್ತಿಕೊಂಡು ಕಟ್ಟಿಕೊಂಡು ಹೋಗಿದ್ದೆ. ಹಾಡಿನ ಶೂಟಿಂಗಿನಲ್ಲಿ ನಮ್ಮ ಸದ್ದನ್ನು ಯಾರೂ ರೆಕಾರ್ಡ್ ಮಾಡಿಕೊಳ್ಳುವುದಿಲ್ಲ. ಸ್ಪೀಕರ್ ಬಾಕ್ಸಿನಲ್ಲಿ ಮೊದಲೇ ರೆಕಾರ್ಡ್ ಆದ ಹಾಡು ಬರುತ್ತದೆ, ಅದಕ್ಕೆ ನಾವು ಕುಣಿಯಬೇಕು. ಗೆಜ್ಜೆಯ ಸದ್ದು ಬೇಕಾದರೆ ಆಮೇಲೆ ಸ್ಟುಡಿಯೊದಲ್ಲಿ ಕೂತು ಸೇರಿಸುತ್ತಾರೆ. ಹಾಗಾಗಿ ತಾಳ ತಪ್ಪಿದರೂ ಯಾರಿಗೂ ಕೇಳಿಸಲ್ಲ. ಎರಡನೇ ಸಿನಿಮಾದ ಹೊತ್ತಿಗೆ ನಾನೂ ಎಲ್ಲರ ಹಾಗೆ ವೆಲ್ಕ್ರೋ ಪಟ್ಟಿಯ ಹಗುರ ಗೆಜ್ಜೆಗೆ ಬಂದಿದ್ದೆ. ಬೇಗ ಬಿಚ್ಚಬಹುದು, ಕಾಲು ನೋಯಲ್ಲ.

ವೇದಿಕೆಯಲ್ಲಿ ನಟುವಾಂಗ ಮಾಡುವವರು, ಅಂದರೆ ತಾಳ ಹಾಕಿ ನೃತ್ಯ ನಡೆಸುವವರು, ನಮ್ಮ ಕಾಲನ್ನೇ ನೋಡುತ್ತಿರುತ್ತಾರೆ. ನಾವು ಒಂದು ಚೂರು ಎಳೆದರೆ ಹಾಡುವವರು ಕಾಯುತ್ತಾರೆ, ಮೃದಂಗದವರು ತುಂಬಿಕೊಡುತ್ತಾರೆ. ಪ್ಲೇಬ್ಯಾಕ್ ಯಾರಿಗೂ ಕಾಯಲ್ಲ. ‘ಪಲ್ಲವಿ ಎರಡನೇ ಲೈನಿಂದ ಹಾಕಪ್ಪಾ’ ಅನ್ನುತ್ತಾರೆ, ಹಾಡು ಶುರುವಾಗುತ್ತೆ, ನಾಲ್ಕು ಸೆಕೆಂಡು ಕುಣಿಯುತ್ತೀವಿ, ಕಟ್. ಲೈಟ್ ಸರಿಸುತ್ತಾರೆ. ಒಂದು ಗಂಟೆ ಕೂರುತ್ತೀವಿ. ಮತ್ತೆ ನಾಲ್ಕು ಸೆಕೆಂಡು. ಇತ್ತ ವೇದಿಕೆಯಲ್ಲಿ ಒಂದು ವರ್ಣ (ಕಾರ್ಯಕ್ರಮದ ಮುಖ್ಯ, ಉದ್ದದ ನೃತ್ಯ) ಅಂದರೆ ಮೂವತ್ತು ನಲವತ್ತು ನಿಮಿಷ, ನೀರು ಕುಡಿಯೋಕೂ ಬಿಡುವಿಲ್ಲ. ಅಲ್ಲಿ ಒಂದೇ ಸಾಲನ್ನು ಹತ್ತು ಸಲ ಹಾಡುತ್ತಾರೆ, ಹತ್ತು ಸಲವೂ ನಾವು ಬೇರೆ ಬೇರೆ ಸಂಚಾರಿ, ಅಂದರೆ ಆ ಸಾಲಿನ ಭಾವವನ್ನು ಬಿಡಿಸಿ ತೋರಿಸುವ ಅಭಿನಯ, ಮಾಡಬೇಕು. ಎರಡೂ ಡ್ಯಾನ್ಸೇ. ಆದರೆ ಎರಡಕ್ಕೂ ಬೇಕಾದ ಮೈ ಬೇರೆ.

ಇದೆಲ್ಲ ಯಾಕೆ ಹೇಳಿದೆ ಅಂದರೆ, ವೈಜಯಂತಿಮಾಲಾ ಅವರ ಬದುಕನ್ನು ನಾನು ನೋಡುವುದೇ ಈ ಮೈಯಿಂದ.

ಅವರು ಹುಟ್ಟಿದ್ದು 1933ರಲ್ಲಿ, ಮದರಾಸಿನ ತಿರುವಲ್ಲಿಕೇಣಿಯ ಅಯ್ಯಂಗಾರ್ ಮನೆಯಲ್ಲಿ. ತಾಯಿ ವಸುಂಧರಾ ದೇವಿ ಕೂಡ ನರ್ತಕಿ, ನಟಿ. 1943ರಲ್ಲಿ ಜೆಮಿನಿ ಸ್ಟುಡಿಯೊದ ‘ಮಂಗಮ್ಮ ಶಪಥಂ’ ಸಿನಿಮಾದ ನಾಯಕಿ ಅವರೇ. ಮಗಳನ್ನು ಬೆಳೆಸಿದ್ದು ಮಾತ್ರ ಅಜ್ಜಿ ಯದುಗಿರಿ ದೇವಿ. ಯದುಗಿರಿ ಅಂದರೆ ನಮ್ಮ ಮೇಲುಕೋಟೆ ಅಲ್ವಾ? ಆ ಹೆಸರು ಕೇಳಿದರೆ ನನಗೆ ಸುಮ್ನೆ ಒಂದು ಖುಷಿ. ಇನ್ನೂ ಪುಟ್ಟ ಮಗುವಾಗಿದ್ದಾಗಲೇ ವ್ಯಾಟಿಕನ್‌ನಲ್ಲಿ ಪೋಪ್ ಮುಂದೆ ಕುಣಿದಿದ್ದರು. ಆಮೇಲೆ ವಳುವೂರ್ ರಾಮಯ್ಯ ಪಿಳ್ಳೆ ಅವರ ಹತ್ತಿರ ಪಾಠ.

ಆ ಗುರುವಿನ ಹೆಸರಿಗೆ ಸ್ವಲ್ಪ ನಿಲ್ಲಬೇಕು. 1947ರಲ್ಲಿ ಎವಿಎಂ ಸಿನಿಮಾ ಸಂಸ್ಥೆಯ ‘ನಾಮ್ ಇರುವರ್’ ಸಿನಿಮಾದಲ್ಲಿ ಕವಿ ಭಾರತಿಯಾರ್ ಹಾಡುಗಳಿಗೆ ಕುಣಿದು ಇಡೀ ತಮಿಳುನಾಡನ್ನು ಹುಚ್ಚೆಬ್ಬಿಸಿದ ಕುಮಾರಿ ಕಮಲಾ ಕೂಡ ವಳುವೂರರ ಶಿಷ್ಯೆಯೇ. (ನಮ್ಮ ಮೈಸೂರಿನ ಆರ್.ಕೆ. ಲಕ್ಷ್ಮಣ್ ಅವರ ಮೊದಲ ಹೆಂಡತಿ ಈ ಕಮಲಾ. ವಿಷಯಕ್ಕೆ ಸಂಬಂಧವಿಲ್ಲ, ಆದರೂ ಹೇಳದೆ ಇರೋಕಾಗಲ್ಲ.) ಸಂಗೀತ-ನೃತ್ಯ ಸಭೆಯ ಟಿಕೆಟ್ ತೆಗೆದುಕೊಳ್ಳಲಾಗದ ಎಷ್ಟೋ ಮನೆಗಳಿಗೆ ಭರತನಾಟ್ಯ ಅಂದರೆ ಏನು ಅಂತ ತೋರಿಸಿದ್ದು ಸಿನಿಮಾ. ಹುಡುಗಿಯರನ್ನು ಡ್ಯಾನ್ಸ್ ಕ್ಲಾಸಿಗೆ ಕಳಿಸುವ ಧೈರ್ಯ ಬಂದಿದ್ದು ಅದನ್ನು ನೋಡಿಯೇ. ಆಮೇಲೆ ಅದೇ ಮನೆಯವರು ‘ಸಿನಿಮಾ ಡ್ಯಾನ್ಸ್ ಬೇಡಪ್ಪಾ’ ಅಂತ ಮೂಗು ಮುರಿದರು. ನಮ್ಮ ಮನೆಯಲ್ಲೂ ಅಷ್ಟೇ.

1949ರಲ್ಲಿ ಎವಿಎಂನವರು ‘ವಾಳ್ಕೈ’ ಮಾಡಿದಾಗ ವೈಜಯಂತಿಮಾಲಾ ಇನ್ನೂ ಹದಿನಾರು ದಾಟದ ಹುಡುಗಿ. ಅದೇ ಕಥೆ ತೆಲುಗಿನಲ್ಲಿ ‘ಜೀವಿತಂ’ ಆಯಿತು, 1951ರಲ್ಲಿ ಹಿಂದಿಯಲ್ಲಿ ‘ಬಹಾರ್’. ಹಿಂದಿ ಕಲಿತು ತಮ್ಮ ಮಾತನ್ನು ತಾವೇ ಆಡಿದರು. ದಕ್ಷಿಣದಿಂದ ಹೋಗಿ ಹಿಂದಿಯಲ್ಲಿ ದೊಡ್ಡ ತಾರೆಯಾದ ನಾಯಕಿಯರ ಸಾಲಿನಲ್ಲಿ ಅವರೇ ಮೊದಲು. ಪ್ರಶಸ್ತಿಗಳ ಪಟ್ಟಿಯನ್ನು ಯಾರು ಬೇಕಾದರೂ ಹುಡುಕಿ ಓದಬಹುದು, ನಾನು ಬರೆಯಲ್ಲ. ಒಂದನ್ನು ಮಾತ್ರ ಬಿಡೋಕಾಗಲ್ಲ. ಬಿಮಲ್ ರಾಯ್ ಅವರ 1955ರ ‘ದೇವದಾಸ್’ನಲ್ಲಿ ಚಂದ್ರಮುಖಿಯ ಪಾತ್ರಕ್ಕೆ ಫಿಲ್ಮ್‌ಫೇರ್‌ನವರು ಪೋಷಕ ನಟಿ ಪ್ರಶಸ್ತಿ ಕೊಟ್ಟರು. ಬೇಡ ಅಂದುಬಿಟ್ಟರು. ಇನ್ನೊಬ್ಬ ನಾಯಕಿ ಪಾರೋಗೆ ಎಷ್ಟು ತೂಕ ಇದೆಯೋ ಚಂದ್ರಮುಖಿಗೂ ಅಷ್ಟೇ ಇದೆ, ಅದು ಪೋಷಕ ಪಾತ್ರ ಅಲ್ಲ ಅನ್ನೋದು ಅವರ ವಾದ. ಇಪ್ಪತ್ತೆರಡು ಇಪ್ಪತ್ಮೂರು ವರ್ಷದ ಹುಡುಗಿ! ನಾನು ಅದೇ ವಯಸ್ಸಿನಲ್ಲಿ, ಬಾಕಿ ದುಡ್ಡು ಕೇಳೋಕೆ ಹೋಗಿ ಆಫೀಸಿನ ಹೊರಗೆ ಒಂದು ಗಂಟೆ ಕೂತು ವಾಪಸ್ ಬಂದವಳು.

ಆ ಚಂದ್ರಮುಖಿಯನ್ನು ಒಂದು ಸಲ ಸದ್ದು ಮುಚ್ಚಿ ನೋಡಿ. ವೇದಿಕೆಯಲ್ಲಿ ಹುಬ್ಬು ಎತ್ತಿದರೆ ಕೊನೆಯ ಸಾಲಿನವರಿಗೆ ಕಾಣಬೇಕು, ಹಾಗೆ ಕಲಿಸಿರುತ್ತಾರೆ ನಮಗೆ. ಅದೇ ಹುಬ್ಬನ್ನು ಕ್ಲೋಸಪ್ಪಿನಲ್ಲಿ ಎತ್ತಿದರೆ ಭೂತ ಕಂಡ ಹಾಗೆ ಇರುತ್ತೆ. ನಾನು ಮಾಡಿ ಬೈಸಿಕೊಂಡಿದ್ದೀನಿ. ಅವರು ಅಭಿನಯವನ್ನು ಸಣ್ಣದು ಮಾಡಿದ್ದಾರೆ, ಇಲ್ಲವಾಗಿಸಿಲ್ಲ. ಕಣ್ಣು ನಿಧಾನಕ್ಕೆ ಏಳುತ್ತೆ, ಒಂದು ಕಡೆ ನಿಲ್ಲುತ್ತೆ, ಆಮೇಲೆ ಕತ್ತು ತಿರುಗುತ್ತೆ. ಆ ಕ್ರಮ ಭರತನಾಟ್ಯದ್ದೇ. ಅಳತೆ ಮಾತ್ರ ಬೇರೆ.

ಕಾಲಿನ ವಿಷಯಕ್ಕೆ ಬಂದರೆ ಎರಡು ಹಾಡು. 1958ರ ‘ವಂಜಿಕ್ಕೋಟ್ಟೈ ವಾಲಿಬನ್’ನಲ್ಲಿ ಪದ್ಮಿನಿ ಮತ್ತು ವೈಜಯಂತಿಮಾಲಾ ಎದುರುಬದುರಾಗಿ ಕುಣಿಯುವ ಸ್ಪರ್ಧೆ. ಎಸ್.ಎಸ್. ವಾಸನ್ ಸಿನಿಮಾ, ಪಿ. ಲೀಲಾ ಮತ್ತು ಜಿಕ್ಕಿ ಹಾಡಿದ್ದು. ಯಾರು ಗೆದ್ದರು ಅಂತ ಅರವತ್ತು ವರ್ಷದಿಂದ ಜನ ಜಗಳ ಆಡುತ್ತಲೇ ಇದ್ದಾರೆ. ನಾನು ಪದ್ಮಿನಿ ಪಕ್ಷ, ನಮ್ಮ ಟೀಚರ್ ವೈಜಯಂತಿ ಪಕ್ಷ. ಅದಲ್ಲ ವಿಷಯ. ಆ ಹಾಡಿನಲ್ಲಿ ಇಬ್ಬರೂ ತಲೆಯಿಂದ ಕಾಲಿನವರೆಗೆ ಕಾಣುತ್ತಾರೆ, ಅದೂ ಒಟ್ಟಿಗೆ. ಮುಚ್ಚಿಟ್ಟುಕೊಳ್ಳೋಕೆ ಜಾಗ ಇಲ್ಲ.

ಇನ್ನೊಂದು 1967ರದು. ವಿಜಯ್ ಆನಂದ್ ಅವರ ‘ಜ್ಯುವೆಲ್ ಥೀಫ್’ನ ಕೊನೆಕೊನೆಗೆ ಬರುವ ಆ ಉದ್ದ ನೃತ್ಯ. ಅಲ್ಲಿ ಭರತನಾಟ್ಯ ಇಲ್ಲ, ಡೋಲಿನ ಪೆಟ್ಟಿಗೆ ಘಾಗ್ರಾ ತೊಟ್ಟು ಕುಣಿಯೋದು. ಆದರೆ ಕ್ಯಾಮೆರಾ ನೋಡಿ. ಬೇಗ ಬೇಗ ಕಟ್ ಮಾಡಲ್ಲ. ಅವರು ಓಡಿದ ಕಡೆ ತಾನೂ ಓಡುತ್ತೆ, ಅವರು ಸುತ್ತಿದರೆ ತಾನೂ ಸುತ್ತುತ್ತೆ. ಹೀಗೆ ತೆಗೆಯಬೇಕಾದರೆ ಕುಣಿಯುವವರಿಗೆ ದಮ್ಮು ಇರಬೇಕು. ನಾಲ್ಕು ಸೆಕೆಂಡಿನ ತುಂಡು ಕೂಡಿಸಿ ಇದನ್ನು ಮಾಡೋಕಾಗಲ್ಲ. ಮೂವತ್ತಮೂರು ವಯಸ್ಸಿನಲ್ಲಿ, ಅಷ್ಟು ಸಿನಿಮಾಗಳ ಮಧ್ಯೆ, ಆ ದಮ್ಮು ಎಲ್ಲಿಂದ ಬಂತು? ಸೆಟ್ಟಿನಿಂದಂತೂ ಬರಲ್ಲ. ಶೂಟಿಂಗಿನ ಮಧ್ಯೆಯೂ ಅವರು ವೇದಿಕೆ ಬಿಟ್ಟಿರಲಿಲ್ಲ. ನೃತ್ಯ ಕಛೇರಿಗಳು ನಡೆಯುತ್ತಲೇ ಇದ್ದವು.

ನಾನು ಬಿಟ್ಟಿದ್ದೆ. 1999ರಲ್ಲಿ ಅಪ್ಪನ ಸಾಲ ತೀರಿತು. ಟೀಚರ್ ಮನೆಗೆ ಹೋದೆ. ಬೈಯುತ್ತಾರೆ ಅಂದುಕೊಂಡಿದ್ದೆ, ಬೈಯಲಿಲ್ಲ. ಕಾಫಿ ಕೊಟ್ಟರು. ಲೋಟ ಕೆಳಗಿಟ್ಟ ಮೇಲೆ ‘ಎದ್ದೇಳು, ವರ್ಣ ಮಾಡು’ ಅಂದರು. ನನ್ನ ರಂಗಪ್ರವೇಶದ ವರ್ಣವೇ. ಕೋಲಿನಿಂದ ತಾಳ ತಟ್ಟುವ ತಟ್ಟುಮಣೆ ತೆಗೆದು ಮುಂದೆ ಕೂತರು.

ಮೊದಲ ತೀರ್ಮಾನ (ವರ್ಣದ ಮಧ್ಯೆ ಬರುವ ಬಿರುಸಿನ ಹೆಜ್ಜೆಗಳ ಭಾಗ) ಹೇಗೋ ದಾಟಿದೆ. ಎರಡನೆಯದರಲ್ಲಿ ತೊಡೆ ನಡುಗಲು ಶುರುವಾಯಿತು. ಹತ್ತು ಹನ್ನೆರಡು ನಿಮಿಷಕ್ಕೆ ಮಂಡಿ ತಾನಾಗಿಯೇ ಎದ್ದು ನಿಂತಿತ್ತು, ನಾನು ಅರೆಮಂಡಿಯಲ್ಲಿದ್ದೀನಿ ಅಂದುಕೊಂಡೇ ನೆಟ್ಟಗೆ ನಿಂತು ಕುಣಿಯುತ್ತಿದ್ದೆ. ಟೀಚರ್ ಕೋಲು ನಿಲ್ಲಿಸಿದರು. ‘ಕಾಲಿನ ವಿಷಯ ಬಿಡು, ಆರು ತಿಂಗಳಲ್ಲಿ ಬರುತ್ತೆ. ನಿನ್ನ ಕಣ್ಣು ಕ್ಯಾಮೆರಾ ಹುಡುಕ್ತಾ ಇದೆ ಕಣೆ. ಒಂದು ಕಡೆ ನಿಲ್ತಾನೇ ಇಲ್ಲ.’

ಕಾಲು ಬಂತು, ಆರು ತಿಂಗಳಲ್ಲ, ಒಂದೂವರೆ ವರ್ಷ ಹಿಡಿಯಿತು. ಕಣ್ಣಿಗೆ ಇನ್ನೂ ಜಾಸ್ತಿ. ಪ್ರತಿ ನಾಲ್ಕು ಸೆಕೆಂಡಿಗೆ ಯಾರೋ ಕಟ್ ಅನ್ನುತ್ತಾರೆ ಅಂತ ಮನಸ್ಸು ಕಾಯುತ್ತಿತ್ತು. ಯಾರೂ ಅನ್ನುತ್ತಿರಲಿಲ್ಲ. ಉಳಿದ ಹೊತ್ತನ್ನು ಏನು ಮಾಡಬೇಕು ಅಂತಲೇ ಮರೆತುಹೋಗಿತ್ತು.

ಅದಕ್ಕೇ ವೈಜಯಂತಿಮಾಲಾ ಅವರ ಬದುಕಿನಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ಸಿನಿಮಾಗಳಲ್ಲ, ಅವರ ಇನ್ನೊಬ್ಬ ಗುರು ಕಿಟ್ಟಪ್ಪ ಪಿಳ್ಳೆ. ವಳುವೂರರ ಪಾಠ ಆಗಿತ್ತು, ಹೆಸರು ಬಂದಿತ್ತು. ಇದ್ದ ಬಂಡವಾಳದಲ್ಲೇ ಜೀವನ ಪೂರ್ತಿ ಕಾರ್ಯಕ್ರಮ ಕೊಡಬಹುದಿತ್ತು. ಹೋಗಿ ಕಿಟ್ಟಪ್ಪ ಪಿಳ್ಳೆಯವರ ಮುಂದೆ ಕೂತು ತಂಜಾವೂರಿನ ಹಳೆಯ ಕಟ್ಟುನಿಟ್ಟಿನ ಬಾನಿ, ಅಂದರೆ ಶೈಲಿ, ಕಲಿತರು. ವಳುವೂರ್ ಬಾನಿ ಲಾಲಿತ್ಯಕ್ಕೆ ಹೆಸರುವಾಸಿ. ತಂಜಾವೂರಿನದು ಗೆರೆ ಕೊರೆದ ಹಾಗೆ. ಒಂದು ಬಾನಿಯಿಂದ ಇನ್ನೊಂದಕ್ಕೆ ಹೋದರೆ ಕೈ ಚಾಚುವ ಎತ್ತರದಿಂದ ಹಿಡಿದು ಎಲ್ಲವನ್ನೂ ಮರೆತು ಮತ್ತೆ ಕಲಿಯಬೇಕು. ದೊಡ್ಡ ತಾರೆಗೆ ‘ಕೈ ತಪ್ಪು, ಮತ್ತೆ ಮಾಡು’ ಅನ್ನುವ ಒಬ್ಬರು ಬೇಕು ಅಂತ ಅನ್ನಿಸುವುದೇ ದೊಡ್ಡದು ಅಂತೀನಿ ನಾನು.

ಕಿಟ್ಟಪ್ಪ ಪಿಳ್ಳೆಯವರು ತಂಜಾವೂರು ಸೋದರರ ವಂಶದವರು. ಚಿನ್ನಯ್ಯ, ಪೊನ್ನಯ್ಯ, ಶಿವಾನಂದಂ, ವಡಿವೇಲು. ಮೊದಲಿನ ಅಲರಿಪುವಿನಿಂದ ಕೊನೆಯ ತಿಲ್ಲಾನದವರೆಗೆ ಇವತ್ತು ನಾವು ಮಾಡುವ ಕಛೇರಿಯ ಕ್ರಮವನ್ನು ಹೊಂದಿಸಿದವರು ಅವರೇ. ಅದರಲ್ಲಿ ಚಿನ್ನಯ್ಯ ನಮ್ಮ ಮುಮ್ಮಡಿ ಕೃಷ್ಣರಾಜ ಒಡೆಯರ ಆಸ್ಥಾನಕ್ಕೆ ಬಂದಿದ್ದರು. ಹಾಗೆ ನೋಡಿದರೆ ನಾನು ಕಲಿತ ಮೈಸೂರು ಬಾನಿಗೂ ಅವರ ನೃತ್ಯಕ್ಕೂ ಎಲ್ಲೋ ಹಿಂದೆ ಒಂದೇ ಮನೆಯ ನೀರು.

1968ರಲ್ಲಿ ಡಾ. ಚಮನ್‌ಲಾಲ್ ಬಾಲಿ ಅವರನ್ನು ಮದುವೆಯಾದರು, ಒಪ್ಪಿಕೊಂಡಿದ್ದ ಸಿನಿಮಾ ಮುಗಿಸಿದರು, ನಿಲ್ಲಿಸಿಬಿಟ್ಟರು. ತಾಯಿಯ ಪಾತ್ರ, ಅತ್ತೆಯ ಪಾತ್ರ ಅಂತ ವಾಪಸ್ ಬರಲಿಲ್ಲ. ಮಧ್ಯೆ ಲೋಕಸಭೆ, ರಾಜ್ಯಸಭೆಗೆ ಹೋಗಿದ್ದೂ ಇದೆ, ಅದು ನನ್ನ ಆಸಕ್ತಿಯ ಭಾಗ ಅಲ್ಲ. 1982ರಲ್ಲಿ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಬಂತು, ಭರತನಾಟ್ಯಕ್ಕೆ. ಸಭೆಯವರು ‘ಸಿನಿಮಾದವರು’ ಅನ್ನೋದನ್ನು ಬಿಡೋಕೆ ಅಷ್ಟು ವರ್ಷ ಬೇಕಾಯಿತೋ ಏನೋ. 2024ರಲ್ಲಿ ಪದ್ಮವಿಭೂಷಣ.

ಶನಿವಾರದ ಹುಡುಗಿ ಸೋಮವಾರ ಮತ್ತೆ ಬಂದಳು. ರಾತ್ರಿಯೆಲ್ಲ ಕೂತು ಹಳೇ ಹಾಡು ನೋಡಿದ್ದಾಳೆ. ಅಜ್ಜಿ ಪಕ್ಕದಲ್ಲಿ ಕೂತು ಕಥೆ ಹೇಳಿದರಂತೆ. ‘ಆಂಟಿ, ನಾನೂ ಸಿನಿಮಾಕ್ಕೆ ಹೋಗಬಹುದಾ?’

ಹೋಗಬೇಡ ಅನ್ನಲಿಲ್ಲ. ನನಗೆ ಆ ಹಕ್ಕಿಲ್ಲ. ಆ ಮೂರು ವರ್ಷ ನಾನು ನಕ್ಕಷ್ಟು, ಊರು ಸುತ್ತಿದಷ್ಟು ಮತ್ಯಾವತ್ತೂ ಇಲ್ಲ. ‘ಹೋಗು. ಆದರೆ ಬೆಳಗ್ಗೆ ಅಡವು ಬಿಡಬೇಡ’ ಅಂದೆ. ಸರಿ ಅಂದಳು. ಈ ವಯಸ್ಸಿನವರು ಎಲ್ಲಕ್ಕೂ ಸರಿ ಅನ್ನುತ್ತಾರೆ.

ಆಮೇಲೆ ತಾನು ಕಲಿತ ಜತಿಸ್ವರ ನೃತ್ಯವನ್ನು ವಿಡಿಯೊ ಮಾಡ್ಕೋತೀನಿ ಅಂದಳು. ಫೋನನ್ನು ಗೆಜ್ಜೆ ಡಬ್ಬಿಗೆ ಒರಗಿಸಿ ಇಟ್ಟು ಕುಣಿದಳು. ಮುಗಿದ ಮೇಲೆ ಇಬ್ಬರೂ ನೋಡಿದೆವು. ಸೊಂಟದಿಂದ ಮೇಲೆ ಮಾತ್ರ ಬಂದಿತ್ತು.

‘ಕಾಲೇ ಇಲ್ವಲ್ಲೇ’ ಅಂದೆ.

ನಾಲ್ಕು ಹೆಜ್ಜೆ ಹಿಂದೆ ಹೋಗಿ ಇನ್ನೊಂದು ಸಲ ಮಾಡಿದಳು. ಕಾಲು ಬಂತು, ಕಿಟಕಿಯ ಬೆಳಕು ಬಿದ್ದು ಮುಖ ಕಪ್ಪಾಯಿತು. ಫೋನ್ ತಿರುಗಿಸಿ ಇಟ್ಟೆವು. ಈ ಸಲ ತಲೆ ಕತ್ತರಿಸಿ ಹೋಯಿತು. ನಾಳೆ ಮನೆಯಿಂದ ಒಂದು ಸ್ಟೂಲ್ ತರ್ತಾಳಂತೆ.